ಪಟ್ಟೆ ಹಾಸಿಗೆಯೊಳಗಿನ ಕೋವಿ

ಹಿಂದೆ ಹಿಂದೆ, ತೀರಾ ಹಿಂದೆಯೇನಲ್ಲ, ಮೊನ್ನೆ ಅನ್ನುವಷ್ಟು ಹಿಂದೆ, ಒಂದು ಬೀದಿಯ ಕೊನೆಯಲ್ಲಿ ಒಂದು ಮೋಡದ ಮನೆ ಇತ್ತು. ಎಲ್ಲರ ಮೋಡ ಆಕಾಶದಲ್ಲಿ ತೇಲಿದರೆ ಈ ಮನೆಯ ಮೋಡ ನಡುಮನೆಯಲ್ಲೇ ತೇಲುತ್ತಿತ್ತು. ಕಿಟಕಿಯ ಸರಳಿನ ಮೇಲೆ, ಗಡಿಯಾರದ ತಲೆಯ ಮೇಲೆ, ನೀರಿನ ಲೋಟದೊಳಗೆ ಕೂಡ. ಅದು ಹತ್ತಿಯ ಮೋಡ. ಹತ್ತಿ ಹಿಂಜುವ ಯಂತ್ರ ಬೆಳಗಿನಿಂದ ಸಂಜೆಯವರೆಗೆ ಗುರ್ರೆನ್ನುತ್ತಿತ್ತು. ಗಂಡ ಹಿಂಜುವನು, ಹೆಂಡತಿ ಹೊಲಿಯುವಳು. ಊರಿನ ಅರ್ಧ ಜನ ಅವರು ಮಾಡಿಕೊಟ್ಟ ಹಾಸಿಗೆಯ ಮೇಲೆಯೇ ಕನಸು ಕಾಣುತ್ತಿದ್ದರು.

ಗಂಡನ ಕೂದಲು, ಹುಬ್ಬು, ಮೀಸೆಗೆಲ್ಲ ಹತ್ತಿಯ ಎಳೆ ಅಂಟಿರುತ್ತಿತ್ತು. ಹಾಗಾಗಿ ಜನ ಅವನನ್ನು ಅರಳೆಯಣ್ಣ ಅನ್ನುತ್ತಿದ್ದರು. ಹೆಂಡತಿ ಗೇಣುದ್ದದ ದಬ್ಬಳವನ್ನು ಜಡೆಗೆ ಸಿಕ್ಕಿಸಿಕೊಂಡೇ ಅಂಗಡಿ ಬೀದಿಗೂ ಹೋಗಿಬರುತ್ತಿದ್ದಳು. ಅವಳು ಸೂಜಿಯಕ್ಕ.

ಆ ಮೋಡದ ಮನೆಯಲ್ಲಿ ಒಂದು ಸಿಡಿಲು ಮಲಗಿತ್ತು.

ಹಳೆಯ ಬೀರುವಿನ ತಳದಲ್ಲಿ, ಹೊದಿಕೆಗಳ ಕೆಳಗೆ ಇದ್ದ ಜೋಡಿ ನಳಿಗೆಯ ಕೋವಿ ಅದು. ಸೂಜಿಯಕ್ಕನ ಮಾವನದು. ಮಾವ ಒಳ್ಳೆಯ ಗುರಿಗಾರ. ಗಾಳಿಗೆ ಎಸೆದ ಮಣ್ಣಿನ ಬಿಲ್ಲೆಯನ್ನು ಅದು ನೆಲ ಮುಟ್ಟುವ ಮೊದಲೇ ಪುಡಿ ಮಾಡುತ್ತಿದ್ದವರು. ಆ ವಿದ್ಯೆ ಮಗನ ತಲೆಗೆ ಹತ್ತಲಿಲ್ಲ, ಮಗಳಿಗೆ ಹತ್ತಿತು. ದೊಡ್ಡಕ್ಕ ಎಂದು ಎಲ್ಲರೂ ಕರೆಯುವ ಆ ಮಗಳು ದೂರದ ಬಂದರು ಪಟ್ಟಣದಲ್ಲಿ ಗುರಿ ಹೊಡೆಯುವುದನ್ನು ಕಲಿಸುತ್ತಿದ್ದಳು. ಮಾವ ಕೊನೆಗಾಲದಲ್ಲಿ ಮಗನನ್ನು ಕರೆಯಲಿಲ್ಲ, ಸೊಸೆಯನ್ನು ಕರೆದರು.

"ಕೋವಿ ನನ್ನ ಮಗಳ ಕೈಗೇ ಸೇರಬೇಕಮ್ಮ. ಮಧ್ಯದಲ್ಲಿ ಗೊತ್ತಿಲ್ಲದವರ ಕೈಗೆ ಬೀಳಬಾರದು. ನಿನ್ನ ಗಂಡನಿಗೆ ಹೇಳಿದ್ರೆ 'ಆಗಲಿ ಅಪ್ಪ' ಅಂತಾನೆ, ಬಾಗಿಲು ದಾಟೋದ್ರೊಳಗೆ ಮರೀತಾನೆ. ನೀನು ಮಾತು ಕೊಡು."

"ಕೊಟ್ಟೆ ಮಾವ," ಅಂದಳು ಸೂಜಿಯಕ್ಕ.

ಮಾವ ಹೋದರು. ಕೋವಿ ಉಳಿಯಿತು. ಮಾತೂ ಉಳಿಯಿತು.

ದೊಡ್ಡಕ್ಕ ಬಂದು ತೆಗೆದುಕೊಂಡು ಹೋಗೋಣವೆಂದರೆ ಕಾಲು ಮುರಿದುಕೊಂಡು ಮಲಗಿದ್ದಳು. "ಮೊದಲು ಠಾಣೆಗೆ ತಿಳಿಸಿ. ಅಪ್ಪನ ಲೈಸೆನ್ಸ್ ಅಪ್ಪನಿಗೆ ಮಾತ್ರ, ನಿಮಗಲ್ಲ," ಎಂದು ಫೋನಿನಲ್ಲಿ ತಮ್ಮನಿಗೆ ಹೇಳಿದಳು. ಅರಳೆಯಣ್ಣ "ಹೂಂ ಅಕ್ಕ, ತಿಳಿಸಿದೀನಿ" ಅಂದ. ಹಸಿ ಸುಳ್ಳು.

ಸುಳ್ಳು ಹೇಳಲು ಅವನಿಗೊಂದು ಕಾರಣವಿತ್ತು. ಅವರ ಮಹಡಿಯ ಮೇಲೆ ಬಾಡಿಗೆಗೆ ಇದ್ದವಳು ಒಬ್ಬ ಪೊಲೀಸಿನವಳು. ಸೂಜಿಯಕ್ಕ ಅವಳನ್ನು ತಂಗಿ ಅನ್ನುತ್ತಿದ್ದಳು, ಬೀದಿಯವರು ಠಾಣೆಯ ತಂಗಿ ಅನ್ನುತ್ತಿದ್ದರು. ನಗುಮುಖದವಳು. ಆದರೆ ಮಾವ ತೀರಿಕೊಂಡ ಮೇಲೆ ಅವಳ ಬೂಟಿನ ಸದ್ದು ಮೆಟ್ಟಿಲ ಮೇಲೆ ಕೇಳಿದರೆ ಸಾಕು, ಕೆಳಗಿನ ಮನೆಯಲ್ಲಿ ಯಂತ್ರ ನಿಲ್ಲುತ್ತಿತ್ತು. ಗಂಡ ಹೆಂಡಿರಿಬ್ಬರೂ ಬೀರುವಿನ ಕಡೆ ನೋಡುತ್ತಿದ್ದರು.

"ಅವಳನ್ನೇ ಕೇಳಿಬಿಡೋಣ ಕಣ್ರೀ," ಅಂದಳು ಸೂಜಿಯಕ್ಕ ಒಂದು ದಿನ. "ಹೇಗೆ ಕಳಿಸೋದು ಅಂತ ಅವಳಿಗೆ ಗೊತ್ತಿರುತ್ತೆ."

"ಕೇಳು, ಕೇಳು. 'ತಂಗಿ, ನಮ್ಮನೇಲಿ ಇಷ್ಟು ದಿನದಿಂದ ಕೋವಿ ಬಚ್ಚಿಟ್ಟಿದೀವಿ, ನಮ್ಮಿಬ್ಬರನ್ನೂ ಒಳಗೆ ಹಾಕು' ಅಂತ ಕೇಳು. ಬಾಡಿಗೆ ಅವಳು ನಮಗೆ ಕೊಡೋದು ಬೇಡ, ನಾವೇ ಅವಳ ಕೋಣೇಲಿ ಪುಕ್ಕಟೆ ಇರಬಹುದು. ಕಂಬಿ ಹಿಂದೆ."

"ತಮಾಷೆ ಬೇಡ. ನನಗೆ ರಾತ್ರಿ ನಿದ್ದೆ ಇಲ್ಲ."

"ಹಾಸಿಗೆ ಮಾಡೋರ ಮನೇಲಿ ನಿದ್ದೆ ಇಲ್ಲ ಅಂದ್ರೆ ಜನ ನಗ್ತಾರೆ. ಕೇಳಿಲ್ಲಿ, ನಾನೊಂದು ಉಪಾಯ ಮಾಡಿದೀನಿ." ಅವನು ಬಾಗಿಲು ಮುಂದೆ ಮಾಡಿ ದನಿ ತಗ್ಗಿಸಿದ. "ಮಕ್ಕಳ ಮನೆಯವರಿಗೆ ಅಗಲ ಹಾಸಿಗೆ ಮಾಡ್ತಿದೀವಲ್ಲ, ಆ ಪಟ್ಟೆ ಬಟ್ಟೆ ಇನ್ನೂ ಮಿಕ್ಕಿದೆ. ಅದರಲ್ಲೇ ಅಕ್ಕನಿಗೂ ಒಂದು ಹಾಸಿಗೆ ಹೊಲಿ. ಕೋವೀನ ನಡುವೆ ಅಡ್ಡ ಮಲಗಿಸು, ಮೇಲೆ ಕೆಳಗೆ ಅರಳೆ ತುಂಬು. ಪಾರ್ಸೆಲ್ ಲಾರಿಗೆ ಹಾಕಿದ್ರೆ ಮುಗೀತು. ತಮ್ಮ ಅಕ್ಕನಿಗೆ ಹಾಸಿಗೆ ಕಳಿಸೋದು ಯಾವ ಕಾನೂನಲ್ಲಿ ತಪ್ಪು?"

"ಒಳಗೆ ಗುಂಡು ಇದ್ರೆ?"

"ಅಪ್ಪ ಎಷ್ಟು ಹುಷಾರು ಅಂತ ನಿನಗೇ ಗೊತ್ತು. ತುಂಬಿಸಿ ಇಡೋರಾ ಅವರು?"

"ತೆಗೆದು ನೋಡಿದೀರಾ?"

ಅರಳೆಯಣ್ಣ ಮೀಸೆಯಿಂದ ಹತ್ತಿಯ ಎಳೆ ಕಿತ್ತ. "ಅದನ್ನ ಎಲ್ಲಿ ಹಿಡಿದು ಎಲ್ಲಿ ತೆಗೀಬೇಕು ಅಂತ ನನಗೇನು ಗೊತ್ತು. ಆದರೂ ಇರಲ್ಲ ಬಿಡು."

ಮಕ್ಕಳ ಮನೆ ಅಂದರೆ ಕೆಲಸಕ್ಕೆ ಹೋಗುವ ತಾಯಂದಿರು ಹಗಲು ಹೊತ್ತು ಮಕ್ಕಳನ್ನು ಬಿಟ್ಟುಹೋಗುವ ಜಾಗ. ನಾಲ್ಕೈದು ಮಕ್ಕಳು ಅಡ್ಡಡ್ಡ ಮಲಗುವಷ್ಟು ಅಗಲದ ಹಾಸಿಗೆಗಳು ಬೇಕೆಂದು ಅಲ್ಲಿನ ಟೀಚರಮ್ಮ ಹೇಳಿಕಳಿಸಿದ್ದರು. ಅವೆಲ್ಲ ಮುಗಿದು ಗೋಡೆ ಪಕ್ಕ ಇದ್ದವು. ಸೂಜಿಯಕ್ಕ ಉಳಿದ ಬಟ್ಟೆಯಲ್ಲಿ ಇನ್ನೊಂದು ಹಾಸಿಗೆ ಕತ್ತರಿಸಿದಳು. ಅದೇ ಅಳತೆ, ಅದೇ ನೀಲಿ ಪಟ್ಟೆ.

ಗಂಡ ಕೋವಿಯನ್ನು ಅರಳೆಯ ಮೇಲೆ ಮಲಗಿಸಿದ. ಬಿಳಿ ಅರಳೆಯ ಮೇಲೆ ಅದು ಕಪ್ಪಗೆ, ತಣ್ಣಗೆ, ಕಣ್ಣು ಮುಚ್ಚಿದ ಹಾಗೆ ಬಿದ್ದಿತ್ತು. ಮೇಲೆ ಇನ್ನಷ್ಟು ಅರಳೆ ಬಿತ್ತು. ಕಾಣದಾಯಿತು. ಕಾಣದಾದ ಮೇಲೆ ಅವಳಿಗೆ ಇನ್ನೂ ಹೆಚ್ಚು ಹೆದರಿಕೆಯಾಯಿತು.

ಅಂಚು ಹೊಲಿದದ್ದಾಯಿತು. ಇನ್ನು ನಡುವಿನ ಗಂಟುಗಳು. ಅರಳೆ ಒಂದೇ ಕಡೆ ಮುದ್ದೆಯಾಗದಿರಲಿ ಎಂದು ಹಾಸಿಗೆಯ ಉದ್ದಕ್ಕೂ ಅಲ್ಲಲ್ಲಿ ದಬ್ಬಳವನ್ನು ಮೇಲಿಂದ ಕೆಳಕ್ಕೆ ಚುಚ್ಚಿ, ಕೆಳಗಿಂದ ಮೇಲಕ್ಕೆ ಎಳೆದು, ದಾರ ಬಿಗಿದು ಗಂಟು ಹಾಕುತ್ತಾರೆ. ಕಣ್ಣು ಮುಚ್ಚಿ ಮಾಡುತ್ತಿದ್ದ ಕೆಲಸ. ಅವತ್ತು ಮಾತ್ರ ಪ್ರತಿ ಚುಚ್ಚಿಗೂ ಅವಳ ಕೈ ನಡುಗಿತು. ಒಂದು ಕಡೆ ದಬ್ಬಳ ಕಬ್ಬಿಣಕ್ಕೆ ಟಿಣ್ಣೆಂದು ತಾಗಿತು.

"ರೀ, ಸದ್ದಾಯ್ತು."

"ಕಬ್ಬಿಣ ಅಂದ್ಮೇಲೆ ಸದ್ದಾಗದೆ ಸಂಗೀತ ಬರುತ್ತಾ? ಅಷ್ಟು ಭಯ ಇದ್ರೆ ದಬ್ಬಳ ಇಲ್ಲಿ ಕೊಡು."

"ನಿಮಗೆ ಕೊಟ್ರೆ ಹಾಸಿಗೆ ಜೊತೆ ನಿಮ್ಮ ಅಂಗೀನೂ ಸೇರಿಸಿ ಹೊಲೀತೀರಿ," ಅಂದಳು. ಅಂದಳೇ ಹೊರತು ನಗಲಿಲ್ಲ. ದಬ್ಬಳವನ್ನು ಒಂದಿಷ್ಟು ಸರಿಸಿ ಚುಚ್ಚಿ, ದಾರ ಜಗ್ಗಿ, ಗಂಟು ಬಿಗಿದಳು.

ಆ ಮನೆಗೆ ಮಾವನ ಕಾಲದಿಂದ ಬಂದ ಪದ್ಧತಿಯೊಂದಿತ್ತು. ಗೋಡೆ ಪಕ್ಕ ಇದ್ದದ್ದು ಮನೆಯದು, ಬಾಗಿಲ ಪಕ್ಕ ಸುರುಳಿ ಸುತ್ತಿ ನಿಂತದ್ದು ಹೋಗುವುದು. ಗಾಡಿಯವನು ಬರುವನು, ಬಾಗಿಲ ಪಕ್ಕ ನಿಂತದ್ದನ್ನೆಲ್ಲ ಹೇರಿಕೊಂಡು ಹೋಗುವನು. ಅವನು ಕೇಳುವುದೂ ಇಲ್ಲ, ಇವರು ಹೇಳುವುದೂ ಇಲ್ಲ.

ಮರುದಿನ ಬೆಳಿಗ್ಗೆ ಸೂಜಿಯಕ್ಕ ಮಕ್ಕಳ ಮನೆಯ ಹಾಸಿಗೆಗಳನ್ನು ಸುತ್ತಿ ಬಾಗಿಲ ಪಕ್ಕ ನಿಲ್ಲಿಸಿ ದಾರ ತರಲು ಹೋದಳು. ಅರಳೆಯಣ್ಣ ಲಾರಿಯವರೊಂದಿಗೆ ಮಾತಾಡಿ ಬರೋಣವೆಂದು ಹೊರಟವನು, ಬಂದ ಕೂಡಲೇ ಸಾಗಿಸಲು ಅನುಕೂಲವಾಗಲಿ ಎಂದು ಅಕ್ಕನ ಹಾಸಿಗೆಯನ್ನೂ ಸುತ್ತಿ ಅದೇ ಸಾಲಿನಲ್ಲಿ ನಿಲ್ಲಿಸಿ ಹೋದ.

ಸೂಜಿಯಕ್ಕ ತಿರುಗಿ ಬಂದಾಗ ಬಾಗಿಲ ಪಕ್ಕ ಏನೂ ಇರಲಿಲ್ಲ. ಸರಿ, ಗಾಡಿಯವನು ಬಂದು ಹೋಗಿದ್ದಾನೆ ಅಂದುಕೊಂಡಳು. ಒಳಗೆ ಹೋಗಿ ಗೋಡೆ ಪಕ್ಕ ನೋಡಿದಳು.

ಅಲ್ಲಿಯೂ ಏನೂ ಇರಲಿಲ್ಲ.

ದಾರದ ಉಂಡೆ ಕೈಯಿಂದ ಬಿದ್ದು ಯಂತ್ರದ ಕೆಳಗೆ ಉರುಳಿತು. ಗಾಡಿಯವನಿಗೆ ಫೋನ್ ಮಾಡಿದಳು.

"ಎಲ್ಲಾ ಇಳಿಸಿ ಆಯ್ತು ಸೂಜಿಯಕ್ಕ," ಅಂದ ಅವನು ಖುಷಿಯಾಗಿ. "ಒಂದು ಜಾಸ್ತಿ ಇತ್ತಲ್ಲ, ಮಕ್ಕಳಿಗೆ ಅಂತ ಪ್ರೀತಿಯಿಂದ ಕೊಟ್ಟಿದೀರಿ ಅಂದ್ಕೊಂಡೆ. ಟೀಚರಮ್ಮ ನಿಮ್ಮನ್ನ ಬಾಯಿ ತುಂಬಾ ಹೊಗಳಿದ್ರು. ಆಗ್ಲೇ ಹಾಸ್ತಾ ಇದ್ರು."

ಅಷ್ಟರಲ್ಲಿ ಅರಳೆಯಣ್ಣ ಬಂದ. ಸುದ್ದಿ ಕೇಳಿ ಅವನ ಮುಖ ಅವನ ಹುಬ್ಬಿನಷ್ಟೇ ಬೆಳ್ಳಗಾಯಿತು.

"ಸುಮ್ನಿರು, ಸುಮ್ನಿರು. ಯಾರಿಗೂ ಹೇಳ್ಬೇಡ. ನಾನು ಹೋಗ್ತೀನಿ. 'ಈ ಹಾಸಿಗೇಲಿ ಹೊಲಿಗೆ ಬಿಟ್ಟಿದೆ, ಸರಿ ಮಾಡಿ ಕೊಡ್ತೀನಿ' ಅಂತ ಹೊತ್ಕೊಂಡು ಬಂದುಬಿಡ್ತೀನಿ."

"ಯಾವ ಹಾಸಿಗೆ ಅಂತ ಹೇಗೆ ಹುಡುಕ್ತೀರಿ? ಒಂದೊಂದನ್ನೂ ಹಿಸುಕಿ ನೋಡ್ತೀರಾ? ಅದು ತುಂಬಿದ್ರೆ?"

"ತುಂಬಿರಲ್ಲ ಅಂದ್ನಲ್ಲ!"

"ತೆಗೆದು ನೋಡಿದೀರಾ ಅಂತ ನಾನೂ ಕೇಳಿದ್ನಲ್ಲ!" ಅಂದಳು ಸೂಜಿಯಕ್ಕ. "ಮಕ್ಕಳು ಹೊಸ ಹಾಸಿಗೆ ಕಂಡ್ರೆ ಮಲಗ್ತಾರೇನ್ರೀ? ಕುಣೀತಾರೆ."

ಅವಳು ಮೆಟ್ಟಿಲ ಕಡೆ ತಿರುಗಿದಳು. ಗಂಡ ಅವಳ ಸೆರಗು ಹಿಡಿದ. "ಮೇಲಕ್ಕೆ ಹೋಗ್ಬೇಡ ಕಣೇ. ಜೈಲು ಕಣೇ ಅದು."

"ಆಗಲಿ," ಅಂದಳು ಸೂಜಿಯಕ್ಕ. ಸೆರಗು ಕಿತ್ತುಕೊಂಡು ಮೆಟ್ಟಿಲು ಹತ್ತಿದಳು.

ಠಾಣೆಯ ತಂಗಿಗೆ ಅವತ್ತು ಮಧ್ಯಾಹ್ನದ ಪಾಳಿ. ತಲೆಗೆ ಎಣ್ಣೆ ಹಚ್ಚಿಕೊಳ್ಳುತ್ತಾ ಕುಳಿತಿದ್ದಳು.

"ಮೇಡಂ..." ಅಂದಳು ಸೂಜಿಯಕ್ಕ.

"ನಾನು ಮೇಡಂ ಯಾವಾಗ ಆದೆ ಅಕ್ಕ?" ಎಂದು ನಕ್ಕವಳು ಇವಳ ಮುಖ ನೋಡಿ ಎದ್ದು ನಿಂತಳು. "ಏನಾಯ್ತು?"

ಸೂಜಿಯಕ್ಕ ಎಲ್ಲ ಹೇಳಿದಳು. ಏನನ್ನೂ ಮುಚ್ಚಿಡಲಿಲ್ಲ. ಠಾಣೆಯ ತಂಗಿ ಬೈಯಲಿಲ್ಲ. ಒಂದೇ ಪ್ರಶ್ನೆ ಕೇಳಿದಳು.

"ಗುಂಡು ತುಂಬಿದೆಯಾ?"

"ಗೊತ್ತಿಲ್ಲ."

"ಗೊತ್ತಿಲ್ಲ ಅಂದ್ರೆ ತುಂಬಿದೆ ಅಂತಲೇ ಲೆಕ್ಕ ಅಕ್ಕ."

ಮೊದಲು ಮಕ್ಕಳ ಮನೆಗೆ ಫೋನ್ ಮಾಡಿದಳು. ಆ ಕಡೆ ಟೀಚರಮ್ಮ ಪಿಸುದನಿಯಲ್ಲಿ, "ಮೆಲ್ಲಗೆ ಮಾತಾಡಿ, ಈಗಷ್ಟೇ ಮಲಗಿಸಿದೀವಿ. ಹೊಸ ಹಾಸಿಗೆ ಅಂತ ಕುಣಿದು ಕುಣಿದು ಸುಸ್ತಾಗಿ ಮಲಗಿದಾರೆ," ಅಂದರು.

ಸೂಜಿಯಕ್ಕ ಗೋಡೆ ಹಿಡಿದುಕೊಂಡಳು.

"ಟೀಚರಮ್ಮ, ನಾನು ಹೇಳಿದ ಹಾಗೇ ಮಾಡಿ," ಅಂದಳು ಠಾಣೆಯ ತಂಗಿ. "ಕೂಗಬೇಡಿ. ಮಕ್ಕಳನ್ನ ಓಡಿಸಬೇಡಿ. ಹಾಸಿಗೆ ಎಳೀಬೇಡಿ, ಮಡಿಸಬೇಡಿ. ಒಬ್ಬೊಬ್ಬರನ್ನೇ ಮೆತ್ತಗೆ ಎತ್ತಿಕೊಂಡು ಕಟ್ಟಡದ ಹೊರಗೆ, ದೂರಕ್ಕೆ ಕರ್ಕೊಂಡು ಹೋಗಿ. ಕೋಣೆಗೆ ಇನ್ಯಾರೂ ಹೋಗೋದು ಬೇಡ."

ಆಮೇಲೆ ಠಾಣೆಗೆ ತಿಳಿಸಿದಳು. "ನಾನು ಇದನ್ನ ಮುಚ್ಚಿಡೋಕಾಗಲ್ಲ ಅಕ್ಕ," ಅಂದಳು ಸ್ಕೂಟರಿನ ಕೀಲಿ ತಿರುವುತ್ತಾ.

"ಮುಚ್ಚಿಟ್ಟಿದ್ದಕ್ಕೇ ಇಷ್ಟಾಗಿರೋದು. ನಡಿ ತಂಗಿ."

ದಾರಿ ದೂರದ್ದೇನಲ್ಲ. ಆದರೂ ಮುಗಿಯಲಿಲ್ಲ. ಎಲ್ಲೋ ಯಾರೋ ಅಂಗಡಿಯ ಕಬ್ಬಿಣದ ಬಾಗಿಲನ್ನು ಧಡ್ಡನೆ ಎಳೆದರು. ಸೂಜಿಯಕ್ಕ ಠಾಣೆಯ ತಂಗಿಯ ಬೆನ್ನಿಗೆ ಹಣೆ ಒತ್ತಿ ಕಣ್ಣು ಮುಚ್ಚಿದಳು. ಇಷ್ಟು ವರ್ಷ ಅವಳು ಮಾಡಿದ್ದೆಲ್ಲ ಜನ ನೆಮ್ಮದಿಯಾಗಿ ಮಲಗಲಿ ಅಂತ.

ಮಕ್ಕಳ ಮನೆಯ ಎದುರಿನ ಬಯಲಿನಲ್ಲಿ ಮಕ್ಕಳು ನಿದ್ದೆಗಣ್ಣಿನಲ್ಲಿ ಕುಳಿತಿದ್ದರು. ಟೀಚರಮ್ಮ ಒಂದು ಸಲ ಎಣಿಸಿ, ಮುಗಿಸಿ, ಮತ್ತೆ ಎಣಿಸುತ್ತಿದ್ದರು. ಎಲ್ಲರೂ ಇದ್ದರು. ಅಷ್ಟು ನೋಡಿಯೇ ಸೂಜಿಯಕ್ಕನಿಗೆ ಉಸಿರು ಬಂದದ್ದು.

ಸ್ವಲ್ಪ ಹೊತ್ತಿಗೆ ಠಾಣೆಯ ಸಾಹೇಬರು ಬಂದರು. ಅವರ ಜೊತೆ ಕೋವಿ ಅಂಗಡಿಯ ಯಜಮಾನರು. ಸರ್ಕಾರದ ಪರವಾನಗಿ ಇಟ್ಟುಕೊಂಡು ಕೋವಿ ಮಾರುವ, ರಿಪೇರಿ ಮಾಡುವ ಹಿರಿಯರು. ಬೆವರು ಸುರಿಸುತ್ತಾ ಅರಳೆಯಣ್ಣನೂ ಬಂದು ಸೇರಿದ.

ಬಾಗಿಲಲ್ಲಿ ನಿಂತು ಎಲ್ಲರೂ ಒಳಗೆ ನೋಡಿದರು. ಗೋಡೆಯ ಮೇಲೆ ಬಣ್ಣದ ಕಡ್ಡಿಯಲ್ಲಿ ಬರೆದ ಸೂರ್ಯಂದಿರು. ಮೊಣಕಾಲೆತ್ತರದ ಗೂಟಗಳಿಗೆ ನೇತುಹಾಕಿದ ಪುಟ್ಟ ಚೀಲಗಳು. ನೆಲದ ತುಂಬ ನೀಲಿ ಪಟ್ಟೆಯ ಹಾಸಿಗೆಗಳು, ಒಂದರ ಪಕ್ಕ ಒಂದು. ಒಂದರ ಮೇಲೆ ಯಾರದೋ ಒಂಟಿ ಕಾಲುಚೀಲ.

"ಯಾವುದಮ್ಮ?" ಕೇಳಿದರು ಯಜಮಾನರು. "ಎಲ್ಲಾ ಒಂದೇ ತಾಯಿ ಮಕ್ಕಳ ಹಾಗಿವೆ."

"ಬಾಗಿಲಿಂದಲೇ ಹೇಳ್ತೀನಿ," ಅಂದಳು ಸೂಜಿಯಕ್ಕ. "ಗಂಟು ನೋಡಿ. ಉಳಿದದ್ದರಲ್ಲೆಲ್ಲ ಗಂಟು ಸಾಲಾಗಿ ಇರುತ್ತೆ. ಅದರಲ್ಲಿ ಮಾತ್ರ ಸೊಟ್ಟ. ಹೊಲಿಯೋವಾಗ ಕೈ ನಡುಗ್ತಿತ್ತು." ಬೆರಳು ಚಾಚಿದಳು. "ಆ ಕಾಲುಚೀಲ ಇದೆಯಲ್ಲ, ಅದು."

ಕಾಲುಚೀಲ ಬಿದ್ದಿದ್ದ ಹಾಸಿಗೆ ಅದು. ಟೀಚರಮ್ಮನ ಬಾಯಿಂದ ಸಣ್ಣ ಸದ್ದೊಂದು ಹೊರಟಿತು.

"ಎಲ್ಲರೂ ಹೊರಗೆ," ಅಂದರು ಸಾಹೇಬರು. ಯಜಮಾನರು ಒಬ್ಬರೇ ಒಳಗೆ ಹೋಗಿ ಮಂಡಿಯೂರಿದರು. ಹಾಸಿಗೆಯ ಅಂಚನ್ನು ಕತ್ತರಿಯಲ್ಲಿ ಒಂದೊಂದೇ ಹೊಲಿಗೆ ಬಿಡಿಸಿದರು. ಅರಳೆಯನ್ನು ಹಕ್ಕಿಮರಿಯನ್ನು ಸರಿಸುವ ಹಾಗೆ ಮೆಲ್ಲಗೆ ಸರಿಸಿದರು. ಆಮೇಲೆ ಅವರ ಕೈ ನಿಂತಿತು. ತುಂಬ ಹೊತ್ತು ನಿಂತಿತು. ಕಿಟಕಿಯ ಹೊರಗೆ ನಿಂತವರಿಗೆ ಕತ್ತರಿಯ ಒಂದೇ ಒಂದು ಕಚಕ್ ಕೇಳಿಸಿತು.

ಕೋವಿಯ ಬಾಯನ್ನು ಬರಿ ಗೋಡೆಯ ಕಡೆಗೇ ಇಟ್ಟು ಮೆಲ್ಲನೆ ಎತ್ತಿದರು. ಹೆಬ್ಬೆರಳಿನಿಂದ ಏನನ್ನೋ ಒತ್ತಿ ನಳಿಗೆಯನ್ನು ನಡುವೆ ಮುರಿದಂತೆ ಬಾಗಿಸಿ ಬೆಳಕಿಗೆ ಹಿಡಿದರು. ಒಂದು ನಳಿಗೆಯಲ್ಲಿ ಕಿಟಕಿಯ ಬೆಳಕು ದುಂಡಗೆ ಕಂಡಿತು. ಇನ್ನೊಂದರಲ್ಲಿ ಕತ್ತಲೆ.

ಆ ಕತ್ತಲೆಯನ್ನು ಯಜಮಾನರು ಹೊರಗೆ ಎಳೆದು ಅಂಗೈ ಮೇಲೆ ಇಟ್ಟುಕೊಂಡರು. ಹೆಬ್ಬೆರಳು ಗಾತ್ರದ ತೋಟೆ, ಕೋವಿಯ ಗುಂಡು. ತುಂಬಿದ ತೋಟೆ.

ಕೋವಿ ಬರಿದಾದದ್ದನ್ನು ಮತ್ತೊಮ್ಮೆ ನೋಡಿ ಹೊರಗೆ ಬಂದವರು ಇನ್ನೊಂದು ಕೈಯನ್ನೂ ತೆರೆದರು. ಅದರಲ್ಲಿ ತುಂಡು ದಾರವಿತ್ತು. ಸೂಜಿಯಕ್ಕನ ದಾರ.

"ನಿಮ್ಮ ಗಂಟು ಟ್ರಿಗರನ್ನ ಸುತ್ತಿ ಬಂದಿತ್ತಮ್ಮ," ಅಂದರು. "ಮಕ್ಕಳು ಕುಣಿದಾಗ ಹಾಸಿಗೆ ಜಗ್ಗುತ್ತೆ. ಹಾಸಿಗೆ ಜಗ್ಗಿದ್ರೆ ದಾರ ಜಗ್ಗುತ್ತೆ. ದಾರ ಇನ್ನೊಂದು ಎಳೆಯಷ್ಟು ಬಿಗಿಯಾಗಿದ್ದಿದ್ರೆ..."

ಅರಳೆಯಣ್ಣ ಮೆಟ್ಟಿಲ ಮೇಲೆ ಕುಸಿದು ಕುಳಿತ. ಬಯಲಿನಿಂದ ಒಂದು ಹುಡುಗಿ ಒಂದೇ ಕಾಲುಚೀಲ ಹಾಕಿಕೊಂಡು ಬಂದು ಅವನ ಮುಂದೆ ನಿಂತು, "ಮಾಮ, ನಿನ್ನ ತಲೇಲಿ ಹತ್ತಿ ಇದೆ," ಅಂದಿತು. ಅವನು ಮುಖ ಮುಚ್ಚಿಕೊಂಡು ಅತ್ತ.

ಆಮೇಲಿನದು ಸುಲಭವಾಗಿರಲಿಲ್ಲ. ಕೋವಿ ಠಾಣೆಯ ವಶಕ್ಕೆ ಹೋಯಿತು. ಗಂಡ ಹೆಂಡತಿ ಇಬ್ಬರೂ ಹೇಳಿಕೆ ಕೊಟ್ಟರು. ಕೋರ್ಟಿನ ಬೆಂಚಿನ ಮೇಲೆ ಕುಳಿತರು, ದಂಡ ಕಟ್ಟಿದರು, ಎಲ್ಲರೆದುರು ಬೈಸಿಕೊಂಡರು. ತಾನಾಗಿ ಓಡಿಬಂದು ಹೇಳಿದ್ದಕ್ಕೆ ಅಷ್ಟಕ್ಕೇ ಮುಗಿಯಿತು ಎಂದು ನ್ಯಾಯಾಧೀಶರು ಸೂಜಿಯಕ್ಕನ ಮುಖ ನೋಡಿಯೇ ಹೇಳಿದರು. ಕೋವಿಯನ್ನು ಲೈಸೆನ್ಸ್ ಇರುವ ಮಗಳಿಗೆ ಕ್ರಮವಾಗಿ ಕಳಿಸಬಹುದು ಎಂದು ಅಪ್ಪಣೆಯಾಯಿತು. ಠಾಣೆ ಅದನ್ನು ಕೋವಿ ಅಂಗಡಿಗೆ ಒಪ್ಪಿಸಿತು.

ಯಜಮಾನರ ಅಂಗಡಿಯಲ್ಲಿ ಗಂಡ, ಹೆಂಡತಿ, ಠಾಣೆಯ ತಂಗಿ ಮೂವರೂ ಕುಳಿತಿದ್ದರು. ಎಣ್ಣೆಯ ವಾಸನೆ, ಗೋಡೆಗೆ ಸರಪಳಿ ಬಿಗಿದು ನಿಲ್ಲಿಸಿದ ಕೋವಿಗಳು. ಸೂಜಿಯಕ್ಕ ಕುರ್ಚಿಯ ತುದಿಯಲ್ಲೇ ಕುಳಿತಳು.

"ಈಗ ನಾನೇ ಬಸ್ಸಲ್ಲಿ ತಗೊಂಡು ಹೋಗಿ ಅಕ್ಕನಿಗೆ ಕೊಟ್ಟು ಬರ್ಲಾ?" ಕೇಳಿದ ಅರಳೆಯಣ್ಣ.

ಠಾಣೆಯ ತಂಗಿ ಹಣೆ ಚಚ್ಚಿಕೊಂಡಳು. "ಅಣ್ಣಾ! ನಿಮ್ಮ ಹತ್ರ ಲೈಸೆನ್ಸ್ ಇದೆಯಾ?"

"ಇಲ್ಲ."

"ಮತ್ತೆ? ನಿಮ್ಮ ಅಪ್ಪನದೇ ಆಗಲಿ, ಅಜ್ಜನದೇ ಆಗಲಿ, ಲೈಸೆನ್ಸ್ ಇಲ್ಲದವರು ಹೊತ್ತು ತಿರುಗೋ ಹಾಗಿಲ್ಲ. ಇದ್ದವರೂ ಎಲ್ಲಿಂದ ಎಲ್ಲಿಗೆ ಒಯ್ಯಬಹುದು ಅಂತ ಮೊದಲೇ ಕೇಳಿ ಒಪ್ಪಿಗೆ ತಗೋಬೇಕು."

"ಹಾಗಾದ್ರೆ ಹೇಗೆ ಹೋಗುತ್ತೆ ಇದು?"

"ಅಂಗಡಿಯಿಂದ ಅಂಗಡಿಗೆ," ಅಂದರು ಯಜಮಾನರು. "ನಾನು ಪರವಾನಗಿ ಇರೋನು. ನಿಮ್ಮಕ್ಕನ ಊರಲ್ಲೂ ಪರವಾನಗಿ ಇರೋ ಅಂಗಡಿ ಇದೆ, ವಿಚಾರಿಸಿದೀನಿ. ನಿಮ್ಮಕ್ಕನ ಲೈಸೆನ್ಸಲ್ಲಿ ಈ ಕೋವೀನ ಸೇರಿಸಿಕೊಳ್ಳೋಕೆ ಅಲ್ಲಿಯ ಅಧಿಕಾರಿಗಳು ಒಪ್ಪಿದಾರೆ, ಆ ಒಪ್ಪಿಗೆ ಪತ್ರವೂ ಕೈಗೆ ಬಂತು. ಅದು ಬರೋವರೆಗೂ ನಾನು ಪೆಟ್ಟಿಗೆ ಮುಟ್ಟಲಿಲ್ಲ."

"ಸಾಗಿಸೋರು?" ಸೂಜಿಯಕ್ಕ ಕೇಳಿದಳು.

"ಕೋವಿ ಸಾಗಿಸೋಕೆ ಅನುಮತಿ ಇರೋ ಕಂಪನಿಯವರೇ. ಎಲ್ಲಾ ಪಾರ್ಸೆಲ್‌ನವರೂ ಇದನ್ನ ತಗೊಳ್ಳಲ್ಲ, ತಗೋಬಾರದು. ಒಳಗೇನಿದೆ ಅಂತ ಅವರಿಗೆ ಬರೆದು ಕೊಡಬೇಕು. ಸುಳ್ಳು ಬರೆದ್ರೆ ಅದೇ ಒಂದು ಅಪರಾಧ. ಆದರೆ ಪೆಟ್ಟಿಗೆ ಮೇಲೆ 'ಕೋವಿ' ಅಂತ ಊರಿಗೆಲ್ಲ ಕಾಣೋ ಹಾಗೆ ನಾನಾಗಿ ಬರೆಯಲ್ಲ. ಕಳ್ಳನಿಗೂ ಓದೋಕೆ ಬರುತ್ತೆ."

ಅವರು ಕೋವಿಯನ್ನು ಎತ್ತಿ ಬಾಗಿಸಿ ಬೆಳಕಿಗೆ ಹಿಡಿದರು. "ನೋಡಿ ತಾಯಿ."

"ನಾನಾ?" ಸೂಜಿಯಕ್ಕ ಹಿಂದೆ ಸರಿದಳು.

"ನೀವೇ. ನಾನು ನೋಡಿದೀನಿ, ನೀವೂ ನೋಡಿ. ಒಬ್ಬರು ನೋಡಿದ್ದನ್ನ ಇನ್ನೊಬ್ಬರು ನೋಡಬೇಕು, ಅದು ನಮ್ಮ ಅಂಗಡಿ ನಿಯಮ."

ಬಗ್ಗಿ ನೋಡಿದಳು. ಎರಡು ನಳಿಗೆಯಲ್ಲೂ ಬೆಳಕಿತ್ತು. ಎರಡು ಪುಟ್ಟ ಹುಣ್ಣಿಮೆ.

ಯಜಮಾನರು ಕೋವಿಯನ್ನು ಭಾಗ ಭಾಗ ಬಿಚ್ಚಿ ಗಟ್ಟಿ ಪೆಟ್ಟಿಗೆಯ ಸ್ಪಂಜಿನ ಗೂಡುಗಳಲ್ಲಿ ಅಲುಗದಂತೆ ಕೂರಿಸಿದರು. ಆ ಪೆಟ್ಟಿಗೆಗೆ ಬೀಗ ಬಿತ್ತು. ತೋಟೆಯನ್ನು ಅದರೊಳಗೆ ಇಡಲೇ ಇಲ್ಲ. ಮದ್ದುಗುಂಡಿನ ನಿಯಮವೇ ಬೇರೆ, ಕೋವಿಯ ಜೊತೆ ಅದು ಎಂದೂ ಪ್ರಯಾಣ ಮಾಡಬಾರದು ಎಂದರು.

ಅರಳೆಯಣ್ಣ ಗಂಟಲು ಸರಿಮಾಡಿಕೊಂಡ. "ಪೆಟ್ಟಿಗೆ ಸಂದಿಗೆ ಸ್ವಲ್ಪ ಅರಳೆ ತಂದುಕೊಡ್ಲಾ?"

"ನಿಮ್ಮ ಅರಳೆ ನಿಮ್ಮ ಹತ್ರಾನೇ ಇರಲಿ ಸ್ವಾಮಿ," ಅಂದರು ಯಜಮಾನರು. "ಹತ್ತಿ ತೇವ ಹೀರುತ್ತೆ, ಕಬ್ಬಿಣ ತುಕ್ಕು ಹಿಡಿಯುತ್ತೆ. ಸಾಕು, ಅದು ನಿಮ್ಮ ಹತ್ತೀಲಿ ಮಲಗಿದ್ದು."

ಬಹಳ ದಿನದ ಮೇಲೆ ಸೂಜಿಯಕ್ಕ ನಕ್ಕಳು. ಪೆಟ್ಟಿಗೆ ಗಾಡಿ ಹತ್ತಿತು. ಎಲ್ಲಿ ಮುಟ್ಟಿತು, ಎಲ್ಲಿಂದ ಹೊರಟಿತು ಎಂದು ಠಾಣೆಯ ತಂಗಿ ಫೋನಿನಲ್ಲಿ ನೋಡಿ ಹೇಳುವಳು. ಹೇಳಿದಾಗಲೆಲ್ಲ ಸೂಜಿಯಕ್ಕನ ಕೈಯ ದಬ್ಬಳ ನಿಲ್ಲುವುದು. ಗುಡುಗಿದರೆ ಬೆಚ್ಚುವಳು. ಯಾರದೋ ಗಾಡಿಯ ಟೈರು ಒಡೆದರೆ ಬಾಗಿಲಿಗೆ ಓಡುವಳು. "ಬೀಗ ಹಾಕಿದಾರೆ ಕಣೇ, ಖಾಲಿ ಇದೆ ಕಣೇ, ನೀನೇ ನೋಡಿದೀಯ," ಅನ್ನುವನು ಗಂಡ. ಒಂದು ಕಾಲಕ್ಕೆ "ಇರಲ್ಲ ಬಿಡು" ಅಂದವನು ಅವನೇ.

ಅವಳು ಹಾಗೆ ಕಾಯುತ್ತಿರುವಾಗ, ಅಕ್ಕಂದಿರೇ, ಅಣ್ಣಂದಿರೇ, ನಿಮ್ಮೊಂದಿಗೆ ಎರಡು ಮಾತು.

ನಿಮ್ಮ ಮನೆಯ ಬೀರುವಿನಲ್ಲೋ, ಅಟ್ಟದಲ್ಲೋ ಹೋದವರು ಬಿಟ್ಟುಹೋದ ಕೋವಿ ಇದ್ದೀತು. ದಯವಿಟ್ಟು ಅದನ್ನು ಮುಟ್ಟಬೇಡಿ. ಮಕ್ಕಳನ್ನು ಹತ್ತಿರ ಬಿಡಬೇಡಿ. ಖಾಲಿ ಇದೆ ಎಂದು ನಿಮಗೆ ನೀವೇ ಹೇಳಿಕೊಳ್ಳಬೇಡಿ, ತುಂಬಿದೆ ಎಂದೇ ತಿಳಿಯಿರಿ. ಇಂದೇ ಠಾಣೆಗೆ ತಿಳಿಸಿ. ಹೇಳಿದರೆ ಏನಾದೀತೋ ಎಂಬ ಭಯ ಎಲ್ಲರಿಗೂ ಇರುತ್ತದೆ, ಆದರೆ ಹೇಳದಿದ್ದರೆ ಏನಾಗಬಹುದಿತ್ತು ಎಂದು ಆ ತುಂಡು ದಾರವನ್ನು ಕಂಡವರನ್ನು ಕೇಳಿ. ಕೋವಿಯನ್ನು ಬೇರೆ ಊರಿಗೆ ಕಳಿಸಬೇಕಾದರೆ ಹಾಸಿಗೆಯಲ್ಲಿ, ಮೂಟೆಯಲ್ಲಿ, ಬಸ್ಸಿನ ಸೀಟಿನ ಕೆಳಗೆ ಬಚ್ಚಿಡಬೇಡಿ. ಕಾನೂನು ಒಂದೊಂದು ಕಡೆ ಒಂದೊಂದು ಥರ. ಆದ್ದರಿಂದ ಪಕ್ಕದ ಮನೆಯವರು ಹೇಳಿದ್ದನ್ನು ನಂಬದೆ ಪೊಲೀಸರನ್ನೂ ಪರವಾನಗಿ ಇರುವ ಅಂಗಡಿಯವರನ್ನೂ ಕೇಳಿ. ತಿಳಿದವರು ಬರಿದು ಮಾಡಲಿ, ಬೀಗದ ಪೆಟ್ಟಿಗೆಯಲ್ಲಿ ಹೋಗಲಿ, ಸಾಗಿಸುವವರಿಗೆ ನಿಜ ಗೊತ್ತಿರಲಿ, ಪಡೆಯುವವರಿಗೆ ಹಕ್ಕಿರಲಿ. ತಡವಾದರೆ ಆಗಲಿ ಬಿಡಿ.

ಸೂಜಿಯಕ್ಕನಿಗೂ ತಡವಾಯಿತು. ಒಂದು ಮಧ್ಯಾಹ್ನ ಅವಳು ದಿಂಬೊಂದಕ್ಕೆ ಅರಳೆ ತುಂಬುತ್ತಿದ್ದಾಗ ಫೋನ್ ಬಂತು. ಯಂತ್ರ ನಿಲ್ಲಿಸಲು ಗಂಡನಿಗೆ ಕೈ ಮಾಡಿದಳು.

"ಊರುಗೋಲು ಊರಿಕೊಂಡು ನಾನೇ ಅಂಗಡಿಗೆ ಹೋಗಿದ್ದೆ ಕಣೇ," ಅಂದಳು ದೊಡ್ಡಕ್ಕ. "ಅವರು ನಂಬರ್ ತಾಳೆ ನೋಡಿದ್ರು, ನನ್ನ ಲೈಸೆನ್ಸ್ ನೋಡಿದ್ರು, ಕೋವೀನ ಜೋಡಿಸಿ, ಬಾಗಿಸಿ ಎರಡು ಸಲ ನಳಿಗೆ ಒಳಗೆ ನೋಡಿದ್ರು. ಆಮೇಲೆ ಸಹಿ ಹಾಕಿಸಿಕೊಂಡು ಕೊಟ್ರು. ಈಗ ನಾನು ಗುರಿ ಕಲಿಸೋ ಶಾಲೆಯ ಉಕ್ಕಿನ ಬೀರುವಿನಲ್ಲಿಟ್ಟು ಬೀಗ ಹಾಕಿದೀನಿ. ಕೀಲಿ ನನ್ನ ಕೈಲಿದೆ."

"ಎಲ್ಲಿ, ಇನ್ನೊಂದು ಸಲ ಹೇಳಿ ದೊಡ್ಡಕ್ಕ."

"ಏನನ್ನ?"

"ಸೇರಿತು ಅಂತ."

"ಸೇರಿತು ಕಣೇ. ಅಪ್ಪನ ಕೋವಿ ನನ್ನ ಕೈ ಸೇರಿತು."